ಬೀಭತ್ಸದಿಂದ ಕರುಣಕ್ಕೆ: ‘ಏಲಿಯನ್’ ಚಿತ್ರಮಾಲೆಯ ಕೆಲವು ದೃಶ್ಯಗಳು

ಬೀಭತ್ಸದಿಂದ ಭಯಾನಕವು ಹುಟ್ಟುತ್ತದೆಂದು ಭರತಮುನಿಯು ನಾಟ್ಯಶಾಸ್ತ್ರದಲ್ಲಿ ಹೇಳಿದ್ದಾನೆ. ತರಗತಿಯಲ್ಲಿ ಈ ಮಾತಿಗೆ ಉದಾಹರಣೆ ಬೇಕಾದಾಗ ನಾವು ಸಾಮಾನ್ಯವಾಗಿ ಶ್ಮಶಾನವನ್ನೋ ರಣರಂಗವನ್ನೋ ಅರಸುತ್ತೇವೆ. ರಿಡ್ಲಿ ಸ್ಕಾಟ್ 1979ರಲ್ಲಿ ನಿರ್ದೇಶಿಸಿದ ‘ಏಲಿಯನ್’ ಚಿತ್ರದಲ್ಲಿ ಅದು ಊಟದ ಮೇಜಿನ ಮೇಲೆಯೇ ದೊರೆಯುತ್ತದೆ.

ನಾಸ್ಟ್ರೋಮೋ ಎಂಬ ಸರಕುನೌಕೆಯಲ್ಲಿ ಸಂಬಳಕ್ಕೆ ದುಡಿಯುವ ಏಳು ಮಂದಿ. ಕೇನ್ ಎಂಬವನ ಮುಖವನ್ನು ಅಪ್ಪಿ ಹಿಡಿದಿದ್ದ ಪ್ರಾಣಿ ಸತ್ತುಬಿದ್ದಿದೆ. ಅವನು ಚೇತರಿಸಿಕೊಂಡು ಹಸಿವೆನ್ನುತ್ತಾನೆ. ದೀರ್ಘನಿದ್ರೆಗೆ ಮುನ್ನ ಎಲ್ಲರೂ ನಗುತ್ತ ಉಣ್ಣುತ್ತಿರುವಾಗ ಅವನಿಗೆ ಕೆಮ್ಮು ಬರುತ್ತದೆ, ಬಿಳಿಯ ಅಂಗಿಯಲ್ಲಿ ನೆತ್ತರು ಮೂಡುತ್ತದೆ, ಎದೆಯನ್ನು ಸೀಳಿಕೊಂಡು ಒಂದು ಮರಿ ತಲೆಯೆತ್ತುತ್ತದೆ. ರಕ್ತ ಎಷ್ಟು ಚಿಮ್ಮುವುದೆಂದು ನಟರಿಗೆ ಮೊದಲೇ ತಿಳಿಸಿರಲಿಲ್ಲ. ವೆರೋನಿಕಾ ಕಾರ್ಟ್‌ರೈಟ್ ಅವರ ಮುಖದ ಬೆಚ್ಚು ಪೂರ್ತಿ ಅಭಿನಯವಲ್ಲ. ಆದರೆ ದೃಶ್ಯದ ಶಕ್ತಿ ರಕ್ತದಲ್ಲಿಲ್ಲವೆಂದು ನಮ್ಮ ಅಭಿಪ್ರಾಯ. ಎಲ್ಲರೂ ಕೂಡಿ ಉಣ್ಣುವ ಹೊತ್ತಿಗಿಂತ ನಿರ್ಭಯವಾದ ಹೊತ್ತು ಯಾವುದಿದೆ? ಮರಿ ಓಡಿಹೋದ ಮೇಲೆ ಅದು ಹೆಚ್ಚಾಗಿ ಕತ್ತಲೆಯಲ್ಲೇ ಉಳಿಯುತ್ತದೆ. ಕಂಡಾಗ ಹುಟ್ಟಿದ ಜುಗುಪ್ಸೆ ಕಾಣದಾದಾಗ ಭಯವಾಗುತ್ತದೆ.

ಜೇಮ್ಸ್ ಕ್ಯಾಮೆರಾನ್ 1986ರ ‘ಏಲಿಯನ್ಸ್’ನಲ್ಲಿ ಈ ಗುಟ್ಟನ್ನರಿತೇ ಒಂದು ದೃಶ್ಯವನ್ನು ಕಟ್ಟಿದರು. ಚಲನೆಯನ್ನು ಗುರುತಿಸುವ ಯಂತ್ರವು ಶತ್ರುಗಳು ಕೋಣೆಯೊಳಗೇ ಬಂದರೆಂದು ತೋರಿಸುತ್ತದೆ. ಕೋಣೆಯಲ್ಲಿ ಯಾರೂ ಇಲ್ಲ. ಬಳಿಕ ಒಬ್ಬನು ಮೇಲ್ಚಾವಣಿಯ ಹಲಗೆಯನ್ನೆತ್ತಿ ನೋಡುತ್ತಾನೆ. 2012ರ ‘ಪ್ರೊಮೀಥಿಯಸ್’ನಲ್ಲಿ ಸ್ಕಾಟರೇ ಮರಳಿ ಬಂದು ಎಲ್ಲದರ ಮೂಲವನ್ನು ವಿವರಿಸತೊಡಗಿದರು. ವಿವರಣೆ ಬೆಳೆದಷ್ಟೂ ಭಯ ತಗ್ಗಿತು.

ನಮ್ಮನ್ನು ಹೆಚ್ಚು ಕಾಡಿದ್ದು, ಎಲ್ಲರೂ ಹೀಗಳೆಯುವ 1997ರ ‘ಏಲಿಯನ್ ರೆಸರೆಕ್ಷನ್’ ಚಿತ್ರದ ಒಂದು ಕೋಣೆ. ಸತ್ತ ರಿಪ್ಲಿಯನ್ನು ವಿಜ್ಞಾನಿಗಳು ಪ್ರಯೋಗಶಾಲೆಯಲ್ಲಿ ಮತ್ತೆ ಸೃಷ್ಟಿಸಿದ್ದಾರೆ. ಅವಳ ತೋಳಿನಲ್ಲಿ 8 ಎಂಬ ಅಂಕೆ. ಬಾಗಿಲು ತೆರೆದರೆ ಮೊದಲಿನ ಏಳು ವಿಫಲ ರೂಪಗಳು: ಗಾಜಿನ ಕೊಳವೆಗಳಲ್ಲಿ ತಿರುಚಿದ ದೇಹಗಳು. ಏಳನೆಯದಕ್ಕೆ ಇನ್ನೂ ಜೀವವಿದೆ; ಕೊಂದುಬಿಡೆಂದು ಅದು ಬೇಡುತ್ತದೆ. ಸಿಗರ್ನಿ ವೀವರ್ ಇಲ್ಲಿ ಹೆಚ್ಚು ಮಾತಾಡದೆ ಅಳುತ್ತ ಬೆಂಕಿಯಿಡುತ್ತಾರೆ. ಹೊರಗೆ ನಿಂತ ಸಂಗಡಿಗನೊಬ್ಬ ಮದ್ದುಗುಂಡು ದಂಡವಾಯಿತೆಂದು ಗೊಣಗುತ್ತಾನೆ. ಭರತನು ಕರುಣಕ್ಕೆ ರೌದ್ರವನ್ನು ಮೂಲವೆಂದ. ಇಲ್ಲಿಯೋ ಅದು ಬೀಭತ್ಸದಿಂದಲೇ ಹುಟ್ಟಿದೆ. ಚಿತ್ರದ ಕೊನೆಯಲ್ಲಿ, ಕಿಟಕಿಯ ಸಣ್ಣ ರಂಧ್ರದ ಮೂಲಕ ಶೂನ್ಯಕ್ಕೆ ಸೆಳೆಯಲ್ಪಟ್ಟು ಸಾಯುವ ವಿಕಾರಶಿಶುವಿಗಾಗಿ ರಿಪ್ಲಿ ಮತ್ತೆ ಅಳುತ್ತಾಳೆ. ಅಲ್ಲಿ ನಮಗೆ ಅಸಹ್ಯವಷ್ಟೇ ಉಳಿಯುತ್ತದೆ. ನಿರ್ದೇಶಕರು ಆ ಸಾವನ್ನು ತೀರ ಹೆಚ್ಚಾಗಿ ತೋರಿಸಿಬಿಟ್ಟಿದ್ದಾರೆ.