ಜಾಹೀರಾತಿನ ರಂಗಭೂಮಿ: ಅಭಿನಯ ಮತ್ತು ಸಾಕ್ಷ್ಯ

ದೂರದರ್ಶನದ ಜಾಹೀರಾತನ್ನು ಸುಳ್ಳೆಂದು ತಳ್ಳಿಹಾಕುವುದು ಸುಲಭ. ಆ ಸುಳ್ಳು ಎಲ್ಲಿದೆಯೆಂದು ಗುರುತಿಸುವುದು ಕಷ್ಟ. ಅಭಿನಯವೇ ಸುಳ್ಳೆನ್ನುವುದಾದರೆ ರಂಗಕಲೆಯನ್ನೆಲ್ಲ ಸುಳ್ಳೆನ್ನಬೇಕಾಗುತ್ತದೆ. ಯಕ್ಷಗಾನದಲ್ಲಿ ಕಿರೀಟ ತೊಟ್ಟವನು ದೇವೇಂದ್ರನಲ್ಲವೆಂಬುದು ಪ್ರೇಕ್ಷಕನಿಗೆ ಗೊತ್ತು. ನಾಟ್ಯಶಾಸ್ತ್ರವು ನಾಟ್ಯಧರ್ಮಿಯ ಜೊತೆಗೆ ಲೋಕಧರ್ಮಿಯನ್ನೂ ಹೇಳುತ್ತದೆ. ಲೋಕದ ನಡೆಯನ್ನು ಹೋಲುವ ಈ ಅಭಿನಯವೂ ನಾಟ್ಯವೇ. ಜಾಹೀರಾತಾದರೋ ಎಷ್ಟೋ ವೇಳೆ ತಾನು ನಾಟ್ಯವಲ್ಲ, ಲೋಕವೇ ಎನ್ನುತ್ತದೆ.

ಅಮೆರಿಕದ ಒಂದು ಮೊಕದ್ದಮೆ ಇಲ್ಲಿ ಪರಿಶೀಲನಾರ್ಹ. ಕೋಲ್ಗೇಟ್-ಪಾಮೋಲಿವ್ ಸಂಸ್ಥೆಯ ರ್ಯಾಪಿಡ್ ಶೇವ್ ಎಂಬ ಕ್ಷೌರದ ನೊರೆಯನ್ನು ಮರಳುಕಾಗದಕ್ಕೆ ಹಚ್ಚಿದೊಡನೆ ಬ್ಲೇಡು ಅದನ್ನು ನುಣ್ಣಗೆ ಹೆರೆಯುವ ದೃಶ್ಯವನ್ನು 1959ರಲ್ಲಿ ಬಿತ್ತರಿಸಲಾಯಿತು. ಕ್ಯಾಮರಾದ ಮುಂದಿದ್ದುದು ಮರಳು ಲೇಪಿಸಿದ ಪ್ಲೆಕ್ಸಿಗ್ಲಾಸ್ ಫಲಕ. ನಿಜವಾದ ಮರಳುಕಾಗದವು ಸುಮಾರು 80 ನಿಮಿಷ ನೆನೆಯಬೇಕಿತ್ತು. 1965ರಲ್ಲಿ ಅಲ್ಲಿನ ಸುಪ್ರೀಂ ಕೋರ್ಟು ಇದನ್ನು ವಂಚನೆಯೆಂದು ತೀರ್ಮಾನಿಸಿತು. ಆದರೆ ದೀಪಗಳ ಬಿಸಿಗೆ ಕರಗುವ ಐಸ್‌ಕ್ರೀಮಿಗೆ ಬದಲಾಗಿ ಆಲೂಗೆಡ್ಡೆಯ ಮುದ್ದೆಯನ್ನಿಟ್ಟರೆ, ಅದನ್ನು ಗುಣಕ್ಕೆ ಪುರಾವೆಯಾಗಿ ಮಂಡಿಸದಿರುವವರೆಗೆ, ದೋಷವಿಲ್ಲವೆಂದಿತು. ಅಂದರೆ ಆಕ್ಷೇಪವಿದ್ದುದು ಅಭಿನಯಕ್ಕಲ್ಲ, ಅದನ್ನು ಸಾಕ್ಷ್ಯವಾಗಿಸಿದ್ದಕ್ಕೆ.

ಈ ವಿವೇಚನೆ ಉಪಯುಕ್ತ; ವಿಮರ್ಶೆಗೆ ಇಷ್ಟೇ ಸಾಲದು. 1980ರ ದಶಕದ ಸರ್ಫ್ ಜಾಹೀರಾತಿನ ಲಲಿತಾಜಿಯನ್ನು ನೋಡೋಣ. ಅಗ್ಗದ್ದೇ ಲಾಭದ್ದಲ್ಲವೆಂದು ವಾದಿಸುವ ಈ ಗೃಹಿಣಿಯನ್ನು ರೂಪಿಸಿದವರು ಲಿಂಟಾಸ್ ಸಂಸ್ಥೆಯ ಅಲೀಕ್ ಪದಮ್ಸಿ. ಮುಂಬಯಿಯ ಇಂಗ್ಲಿಷ್ ರಂಗಭೂಮಿಯ ಹೆಸರಾಂತ ನಿರ್ದೇಶಕರೂ ಅವರೇ. ಪಾತ್ರ ವಹಿಸಿದ ಕವಿತಾ ಚೌಧರಿ ದಿಲ್ಲಿಯ ರಾಷ್ಟ್ರೀಯ ನಾಟಕ ಶಾಲೆಯಲ್ಲಿ ಕಲಿತವರು. ಲಲಿತಾಜಿಯ ಬಲವಿದ್ದುದು ಮಾತಿನ ಧಾಟಿಯಲ್ಲಿ, ನೆರೆಮನೆಯವಳೆನಿಸುವ ನಿಲುವಿನಲ್ಲಿ. ಅಭಿನಯದ ಗುರುತನ್ನೇ ಅಳಿಸಬಲ್ಲ ಅಭಿನಯವಿದು. ಕೃತಕ ಫಲಕವನ್ನು ನ್ಯಾಯಾಲಯ ಪರೀಕ್ಷಿಸಬಹುದು. ಪಾತ್ರವೊಂದು ಗಳಿಸುವ ಈ ವಿಶ್ವಾಸವನ್ನು ಪರೀಕ್ಷಿಸುವ ಹೊಣೆ ರಂಗವಿಮರ್ಶಕನದು.

ಮುಂಬಯಿಯಂಥ ನಗರದಲ್ಲಿ ನಾಟಕಕ್ಕೂ ಜಾಹೀರಾತಿಗೂ ಕೆಲವೊಮ್ಮೆ ದುಡಿದವರು ಒಬ್ಬರೇ. ಆದುದರಿಂದ ಅಲ್ಲಿನ ರಂಗಭೂಮಿಯ ಚರಿತ್ರೆಯನ್ನು ಬರೆಯುವವರು ಜಾಹೀರಾತನ್ನು ವ್ಯಾಪಾರವೆಂದು ಹೊರಗಿಡುವಂತಿಲ್ಲ. ಇಲ್ಲಿ ನಟನೆಯಿದೆಯೇ ಎಂಬ ಪ್ರಶ್ನೆಗಿಂತ, ಈ ನಟನೆ ಕಥೆಯಾಗಿ ನಿಂತಿದೆಯೇ ಸಾಕ್ಷಿಯಾಗಿ ನಿಂತಿದೆಯೇ ಎಂಬ ಪ್ರಶ್ನೆಯಿಂದ ಅಧ್ಯಯನವು ಮೊದಲಾಗಬೇಕೆಂಬುದು ನಮ್ಮ ಅಭಿಪ್ರಾಯ.