ಛಲೋ ಐತಿ ಅಂದದ್ದು ಸುಳ್ಳು

ಹೋದ ದೀಪಾವಳಿಗೆ ಗೋಕಾಕಕ್ಕೆ ಹೋಗಿದ್ದಾಗ ಹುಕ್ಕೇರಿಯ ಗೆಳೆಯನೊಬ್ಬ ಮೊಬೈಲ್ ಕೈಗಿಟ್ಟ. ಕಾಲೇಜಿನಲ್ಲಿ ತಾನೇ ಬರೆದು ಆಡಿಸಿದ್ದ ಅಸಂಗತ ನಾಟಕವನ್ನು ಈಗ 12 ನಿಮಿಷದ ಕಿರುಚಿತ್ರ ಮಾಡಿದ್ದ. ಒಂದು ಸಹಿಗಾಗಿ ಕಚೇರಿಯ ಬೆಂಚಿನ ಮೇಲೆ ಕೂತು ಕೂತೇ ಮುದುಕನಾಗುವವನ ಕಥೆ. ಅವತ್ತು ನಾಟಕ ನೋಡಿ ಬಿದ್ದು ಬಿದ್ದು ನಕ್ಕಿದ್ದೆವು, ಆಮೇಲೆ ನಕ್ಕಿದ್ದಕ್ಕೆ ನಾಚಿಕೆಯೂ ಆಗಿತ್ತು. ಚಿತ್ರ ನೋಡಿದಾಗ ಎರಡೂ ಆಗಲಿಲ್ಲ. ‘ಹೆಂಗೈತಿ?’ ಅಂದ. ‘ಛಲೋ ಐತಿ’ ಅಂದೆ. ಆ ಸುಳ್ಳು ಇನ್ನೂ ಗಂಟಲಲ್ಲೇ ಇದೆ.

ಮಾತು ಅವೇ, ನಟರೂ ಅವರೇ. ಕಳೆದದ್ದೇನು? ರಂಗದ ಮೇಲೆ ಅವನು ಕಾಯುವಾಗ ನಾವೂ ಕಾಯುತ್ತಿದ್ದೆವು, ಎದ್ದು ಹೋಗುವ ಹಾಗಿರಲಿಲ್ಲ. ಚಿತ್ರದಲ್ಲಿ ನಮಗೆ ಬೇಸರ ಬರುವ ಮೊದಲೇ ಕಟ್, ಮೇಲೊಂದು ದುಃಖದ ವಯಲಿನ್. ಕ್ಯಾಮೆರಾನೇ ‘ಅಯ್ಯೋ ಪಾಪ’ ಅಂದುಬಿಟ್ಟರೆ ವಿಡಂಬನೆ ಎಲ್ಲಿ ಉಳೀತು?

ಬೆಕೆಟ್‌ನ 19 ನಾಟಕಗಳನ್ನು ಬೇರೆ ಬೇರೆ ನಿರ್ದೇಶಕರು ತೆರೆಗೆ ತಂದ ‘ಬೆಕೆಟ್ ಆನ್ ಫಿಲ್ಮ್’ ಸರಣಿಯಲ್ಲಿ ‘ಪ್ಲೇ’ ಅಂತ ಒಂದಿದೆ. ಗುಡಾಣಗಳೊಳಗೆ ಸಿಕ್ಕಿಕೊಂಡ ಮೂವರು. ನಾಟಕದಲ್ಲಿ ಬೆಳಕು ಯಾರ ಮುಖಕ್ಕೆ ಬೀಳುತ್ತದೋ ಅವರು ಮಾತಾಡಲೇಬೇಕು. ನಿರ್ದೇಶಕ ಆಂಟನಿ ಮಿಂಗೆಲ್ಲಾ ಆ ಬೆಳಕಿನ ಕೆಲಸವನ್ನು ಕ್ಯಾಮೆರಾಕ್ಕೇ ಕೊಟ್ಟ. ಕ್ಯಾಮೆರಾ ತಿರುಗುತ್ತದೆ, ಮುಖಕ್ಕೆ ನುಗ್ಗುತ್ತದೆ, ಅವರು ಬಾಯಿ ಬಿಡುತ್ತಾರೆ. ವಿಚಾರಣೆ ಮಾಡುವವರು ಈಗ ಯಾರು? ನೋಡುತ್ತಿರುವ ನಾವೇ.

ಇದಕ್ಕೆ ಬೆಕೆಟ್‌ನ ತನಕ ಹೋಗಬೇಕಾಗಿಯೂ ಇಲ್ಲ. ಮೂಡಲಗಿ ಕಡೆಯ ಕುಲಗೋಡದ ತಮ್ಮಣ್ಣನ ಹೆಸರಿನ ಜೊತೆ ಬೆಸೆದುಕೊಂಡಿರುವ ಶ್ರೀಕೃಷ್ಣ ಪಾರಿಜಾತದಲ್ಲಿ ಭಾಗವತ ಸುಮ್ಮನೆ ಹಾಡುವುದಿಲ್ಲ, ನಡುವೆ ಬಾಯಿ ಹಾಕಿ ಕೇಳುತ್ತಾನೆ. ದೂತಿಯ ನಾಲಿಗೆಯಂತೂ ದೇವರನ್ನೂ ಬಿಡುವುದಿಲ್ಲ. ಹುಕ್ಕೇರಿ ತಾಲೂಕಿನ ಘೋಡಗೇರಿಯವರೇ ಆದ ಚಂದ್ರಶೇಖರ ಕಂಬಾರರು ‘ಜೋಕುಮಾರಸ್ವಾಮಿ’ಯಲ್ಲಿ ಇಂಥದ್ದೇ ಮಾತಿಗೆ ಮಾತು ಕೊಡುವ ಸೂತ್ರಧಾರ, ಹಿಮ್ಮೇಳವನ್ನು ಆಧುನಿಕ ರಂಗಕ್ಕೆ ತಂದರು. ಬಯಲಾಟದಲ್ಲಿ ಸುಮ್ಮನೆ ಸಾಕ್ಷಿಯಾಗಿ ನಿಲ್ಲುವವರು ಯಾರೂ ಇಲ್ಲ. ನಮ್ಮ ಕಿರುಚಿತ್ರಗಳ ಕ್ಯಾಮೆರಾ ಮಾತ್ರ ಮದುವೆ ಮನೆಯ ವಿಡಿಯೋದವನ ಹಾಗೆ ಮೂಲೆಯಲ್ಲಿ ನಿಂತಿರುತ್ತದೆ. ಡ್ರೋನ್ ಹಾರಿಸಿ ಗೋಕಾಕ ಫಾಲ್ಸ್ ತೋರಿಸಿದರೆ ಪ್ರಯೋಗ ಆಗೋದಿಲ್ಲ.

ದೋಸ್ತ, ಅವತ್ತು ಹೇಳಬೇಕಿದ್ದದ್ದು ಇದು. ನಿನ್ನ ಚಿತ್ರ ಛಲೋ ಇಲ್ಲ. ಆದ್ರ ಆ ಬೆಂಚು ಛಲೋ ಐತಿ, ಆ ಮುದುಕ ಛಲೋ ಅದಾನ. ವಯಲಿನ್ ತಗದ ಒಗಿ. ಕ್ಯಾಮೆರಾನ ಟೇಬಲ್ಲಿನ ಆಕಡೆ, ಸಹಿ ಮಾಡೋ ಸಾಹೇಬರ ಖುರ್ಚಿಯಾಗ ಇಡು, ಕಟ್ ಮಾಡಬ್ಯಾಡ. ಅಂವ ನಮ್ಮ ಕಡೆ ನೋಡ್ಕೋತ ಕೂಡಲಿ. ಸಹಿ ಮಾಡದವರು ನಾವ ಅಂತ ಗೊತ್ತಾಗಲಿ.