ಅಳಿದ ಮೇಲಿನ ಲೆಕ್ಕ: ಕಾದಂಬರಿಕಾರನ ನ್ಯಾಸಧರ್ಮ

ಸಾಹಿತಿಯ ಬದುಕನ್ನು ಕುರಿತ ಬರಹಗಳು ಕನ್ನಡದಲ್ಲಿ ಕಡಮೆಯೇನೂ ಇಲ್ಲ. ಡಾ. ಶಿವರಾಮ ಕಾರಂತರ ‘ಹುಚ್ಚು ಮನಸ್ಸಿನ ಹತ್ತು ಮುಖಗಳು’, ಮಾಸ್ತಿಯವರ ‘ಭಾವ’, ಕುವೆಂಪು ಅವರ ‘ನೆನಪಿನ ದೋಣಿಯಲ್ಲಿ’, ಎಸ್.ಎಲ್. ಭೈರಪ್ಪನವರ ‘ಭಿತ್ತಿ’ ಇವೆಲ್ಲ ಲೇಖಕರು ತಮ್ಮ ಬಾಳನ್ನು ತಾವೇ ಹೇಳಿಕೊಂಡ ಗ್ರಂಥಗಳು. ಆದರೆ ಲೇಖಕನು ಮತ್ತೊಬ್ಬನ ಬಾಳನ್ನು ಕೈಗೆತ್ತಿಕೊಂಡಾಗ ಅವನ ಮೇಲೆ ಬೀಳುವ ಹೊಣೆ ಎಂತಹದು ಎಂಬುದನ್ನೇ ವಸ್ತುವಾಗಿ ಮಾಡಿಕೊಂಡ ಕಾದಂಬರಿಗಳು ವಿರಳ. 1960ರಲ್ಲಿ ಪ್ರಕಟವಾದ ಕಾರಂತರ ‘ಅಳಿದ ಮೇಲೆ’ ಅಂಥದೊಂದು. ಅದನ್ನು ಶ್ರಾವಕಾಚಾರದ ಬೆಳಕಿನಲ್ಲಿ ಪರಿಶೀಲಿಸುವುದು ಈ ಲೇಖನದ ಉದ್ದೇಶ.

ಕಥೆಯ ಹಂದರ ಸರಳವಾದುದು. ಕಥೆ ಹೇಳುವ ‘ನಾನು’ ಸ್ವತಃ ಒಬ್ಬ ಕಾದಂಬರಿಕಾರ. ಕಾರಂತರೇ ಎಂದು ಓದುಗರು ಭಾವಿಸುವಷ್ಟು ಕಾರಂತರನ್ನು ಹೋಲುವವನು. ರೈಲು ಪ್ರಯಾಣದಲ್ಲಿ ಅವನಿಗೆ ಯಶವಂತರಾಯರೆಂಬ ಹಿರಿಯರ ಪರಿಚಯವಾಗುತ್ತದೆ. ಮುಂದೆ ಅವರು ಮುಂಬಯಿಯಲ್ಲಿ ತೀರಿಕೊಂಡಾಗ, ಅವರು ಉಳಿಸಿದ ಹಣವೂ ದಿನಚರಿಯ ಬರಹಗಳೂ ಈ ಲೇಖಕನ ಪಾಲಿಗೆ ಬರುತ್ತವೆ. ತೀರಿಕೊಂಡವರು ಕೆಲವರಿಗೆ ತಿಂಗಳು ತಿಂಗಳೂ ಹಣ ಕಳುಹಿಸುತ್ತಿದ್ದರು; ಪಾರ್ವತಮ್ಮನೆಂಬ ವೃದ್ಧೆ ಅವರಲ್ಲಿ ಒಬ್ಬರು. ಇವರೆಲ್ಲ ಯಾರು, ಯಶವಂತರಾಯರಿಗೂ ಇವರಿಗೂ ಇದ್ದ ಬಂಧವೇನು ಎಂದು ಹುಡುಕಿಕೊಂಡು ಲೇಖಕ ಊರೂರು ತಿರುಗುತ್ತಾನೆ. ಆ ಹುಡುಕಾಟವೇ ಕಾದಂಬರಿ.

ವ್ಯಾಪಾರ ಬಲ್ಲವರಿಗೆ ಈ ಕೃತಿಯ ಕಟ್ಟಡ ಒಡನೆಯೇ ಅರ್ಥವಾಗುತ್ತದೆ. ಇದೊಂದು ಖಾತೆ ತೀರಿಸುವ ಕಥೆ. ಲೋಕದಿಂದ ಪಡೆದುದೆಷ್ಟು, ಹಿಂದಿರುಗಿಸಿದುದೆಷ್ಟು ಎಂಬ ಋಣದ ಚಿಂತೆ ಯಶವಂತರಾಯರ ಬಾಳನ್ನು ಆಳಿತ್ತು. ಅವರು ಹೋದ ಮೇಲೆ ಆ ಲೆಕ್ಕದ ಪುಸ್ತಕ ಲೇಖಕನ ಕೈಗೆ ಬಂದಿದೆ. ಹಣದ ಬಾಕಿಯನ್ನು ಮನಿಯಾರ್ಡರಿನಲ್ಲಿ ತೀರಿಸಬಹುದು. ಮನುಷ್ಯನ ಹೆಸರಿನ ಬಾಕಿಯನ್ನು ತೀರಿಸುವುದು ಹೇಗೆ? ಕಾದಂಬರಿ ನಿಂತಿರುವುದು ಈ ಪ್ರಶ್ನೆಯ ಮೇಲೆ.

ತತ್ತ್ವಾರ್ಥಸೂತ್ರದ ಏಳನೆಯ ಅಧ್ಯಾಯದಲ್ಲಿ ಸತ್ಯಾಣುವ್ರತಕ್ಕೆ ಐದು ಅತಿಚಾರಗಳನ್ನು ಹೇಳಿದೆ. ಮಿಥ್ಯೋಪದೇಶ, ರಹೋಭ್ಯಾಖ್ಯಾನ, ಕೂಟಲೇಖಕ್ರಿಯೆ, ನ್ಯಾಸಾಪಹಾರ, ಸಾಕಾರಮಂತ್ರಭೇದ ಎಂಬ ಈ ಐದನ್ನು ನಾವು ಸಾಮಾನ್ಯವಾಗಿ ಅಂಗಡಿ, ಸಾಲಪತ್ರ, ನ್ಯಾಯಾಲಯಗಳಿಗೆ ಮಾತ್ರ ಅನ್ವಯಿಸಿಕೊಳ್ಳುತ್ತೇವೆ. ಲೇಖನಿ ಹಿಡಿದವನಿಗೆ ಇವು ಅದಕ್ಕಿಂತಲೂ ಹತ್ತಿರದವು ಎಂಬುದು ‘ಅಳಿದ ಮೇಲೆ’ ಓದಿದಾಗ ಮನದಟ್ಟಾಗುತ್ತದೆ.

ಮೊದಲು ನ್ಯಾಸಾಪಹಾರ. ಪೂಜ್ಯಪಾದಾಚಾರ್ಯರು ಸರ್ವಾರ್ಥಸಿದ್ಧಿಯಲ್ಲಿ ಇದಕ್ಕೆ ಕೊಡುವ ವಿವರಣೆ ಬಹು ಸೂಕ್ಷ್ಮವಾದುದು. ಒಬ್ಬನು ಚಿನ್ನವನ್ನು ನ್ಯಾಸವಾಗಿ ಇಟ್ಟು, ಕಾಲಾನಂತರ ಅದರ ಪ್ರಮಾಣವನ್ನು ಮರೆತು, ಇಟ್ಟುದಕ್ಕಿಂತ ಕಡಮೆ ಕೇಳುತ್ತಾನೆ. ಇಟ್ಟುಕೊಂಡವನು ‘ಹೌದು, ಅಷ್ಟೇ’ ಎಂದು ಒಪ್ಪಿ ಕೊಟ್ಟುಬಿಡುತ್ತಾನೆ. ಇಲ್ಲಿ ಕಸಿದುಕೊಂಡುದಿಲ್ಲ, ಕದ್ದುದಿಲ್ಲ. ಆದರೂ ಅದು ದೋಷವೇ. ಈಗ ಯೋಚಿಸೋಣ: ಸತ್ತವನು ಎಲ್ಲವನ್ನೂ ಮರೆತ ನಿಕ್ಷೇಪಕಾರ. ಅವನ ಬಾಳನ್ನು ಬರೆಯುವವನು ಎಷ್ಟು ಕಡಮೆ ಕೊಟ್ಟರೂ ಕೇಳಲು ಅವನು ಬರುವುದಿಲ್ಲ. ಊರಿನವರು ‘ಅವನು ಇಷ್ಟೇ’ ಎಂದಾಗ ಲೇಖಕನೂ ‘ಹೌದು, ಇಷ್ಟೇ’ ಎಂದುಬಿಟ್ಟರೆ ನ್ಯಾಸಾಪಹಾರವಾಯಿತು. ಕಾರಂತರ ಲೇಖಕ ಹಾಗೆ ಮಾಡುವುದಿಲ್ಲ. ಒಬ್ಬರ ಮಾತು ಕೇಳಿ ನಿಲ್ಲದೆ ಮತ್ತೊಬ್ಬರ ಬಳಿ ಹೋಗುತ್ತಾನೆ. ಬಾಯಿಮಾತನ್ನು ದಿನಚರಿಯೊಡನೆ ತಾಳೆ ನೋಡುತ್ತಾನೆ. ಕಿರ್ದಿಯನ್ನೂ ಖತಾವಣಿಯನ್ನೂ ಎದುರು ಬದುರು ಇಟ್ಟು ಪರಿಶೀಲಿಸುವ ಪ್ರಾಮಾಣಿಕ ಗುಮಾಸ್ತನ ಶ್ರದ್ಧೆ ಅದು. ಕೃತಿಯ ನೈತಿಕ ತೂಕ ಇರುವುದು ಆ ಶ್ರದ್ಧೆಯಲ್ಲೇ.

ಎರಡನೆಯದು ಕೂಟಲೇಖ. ಒಬ್ಬನು ಆಡದುದನ್ನು ಆಡಿದನೆಂದೂ ಮಾಡದುದನ್ನು ಮಾಡಿದನೆಂದೂ ವಂಚನೆಗಾಗಿ ಬರೆಯುವುದು ಇದರ ಲಕ್ಷಣ. ಹಾಗಾದರೆ ಕಾದಂಬರಿಯೆಲ್ಲವೂ ಕೂಟಲೇಖವೇ ಎಂದು ಕೆಲವು ಹಿರಿಯರು ಕೇಳುವುದುಂಟು. ಲಕ್ಷಣದಲ್ಲಿರುವ ‘ವಂಚನೆಗಾಗಿ’ ಎಂಬ ವಿಶೇಷಣವನ್ನು ಅವರು ಗಮನಿಸಬೇಕು. ಕಲ್ಪಿತವೆಂದು ತಿಳಿಸಿಯೇ ಕೊಟ್ಟ ಕಥೆಯಲ್ಲಿ ವಂಚನೆ ಇಲ್ಲ. ನಮ್ಮ ಪುರಾಣಕವಿಗಳೂ ಸಂಭಾಷಣೆಗಳನ್ನು ಕಲ್ಪಿಸಿದವರೇ. ನಿಜವೆಂದು ಮುದ್ರೆ ಒತ್ತಿ ಕಲ್ಪಿತವನ್ನು ಮಾರುವುದೇ ದೋಷ.

ಉಳಿದವುಗಳಲ್ಲಿ ಎರಡು, ಅಂದರೆ ರಹೋಭ್ಯಾಖ್ಯಾನ ಮತ್ತು ಸಾಕಾರಮಂತ್ರಭೇದ, ಗುಟ್ಟಿಗೆ ಸಂಬಂಧಿಸಿದವು. ಮೊದಲನೆಯದು ಸ್ತ್ರೀಪುರುಷರ ಏಕಾಂತವನ್ನು ಬಯಲಿಗೆಳೆಯುವುದು. ಎರಡನೆಯದು ಹುಬ್ಬಿನ ಚಲನೆ, ಮುಖಭಾವಗಳಿಂದ ಪರರ ಮನಸ್ಸನ್ನು ಅರಿತು, ಅಸೂಯೆಯಿಂದ ಅದನ್ನು ಹೊರಗೆಡಹುವುದು. ಮುಖಭಾವ ಓದುವುದು ಕಾದಂಬರಿಕಾರನ ಕಸುಬೇ ಆಗಿರುವುದರಿಂದ ಅವನಿಗೆ ಇಲ್ಲಿ ಜಾರುವ ಭಯ ಹೆಚ್ಚು. ‘ಅಳಿದ ಮೇಲೆ’ಯಲ್ಲಿ ಯಶವಂತರಾಯರ ಸಂಸಾರದ ಕಹಿಯೂ ಬರುತ್ತದೆ. ಓದುಗನಾಗಿ ನನಗೆ ಒಂದು ಶಂಕೆ ಉಳಿದಿದೆ: ಒಬ್ಬನು ನಂಬಿ ಬಿಟ್ಟುಹೋದ ದಿನಚರಿಯನ್ನು ಓದುವ ಅಧಿಕಾರವಿದ್ದರೆ, ಅಚ್ಚು ಹಾಕಿಸುವ ಅಧಿಕಾರವೂ ಅದರೊಳಗೆ ಸೇರಿತೇ? ಸತ್ತವನ ಜೊತೆ ಬದುಕಿರುವವರ ಮಾನವೂ ಆ ಹಾಳೆಗಳಲ್ಲಿ ಇರುತ್ತದೆಯಲ್ಲವೇ? ಯಶವಂತರಾಯರು ಕಲ್ಪಿತ ವ್ಯಕ್ತಿಯಾದುದರಿಂದ ಕಾರಂತರು ಈ ಆಕ್ಷೇಪದಿಂದ ಪಾರಾಗುತ್ತಾರೆ. ನಿಜವಾದ ಹೆಸರುಗಳನ್ನು ಇಟ್ಟುಕೊಂಡು ಬರೆಯುವವರು ಪಾರಾಗಲಾರರು. ಅಲ್ಲಿ ಅಸೂಯೆ ಇದೆಯೇ ಅನುಕಂಪವಿದೆಯೇ ಎಂಬುದೊಂದೇ ಒರೆಗಲ್ಲು. ಕಾರಂತರ ಬರವಣಿಗೆಯಲ್ಲಿ ನನಗೆ ಕಂಡುದು ಅನುಕಂಪ.

ಈ ವಿಮರ್ಶೆ ನಮ್ಮ ಸಮಾಜಕ್ಕೆ ಏಕೆ ಬೇಕು? ತುಮಕೂರು, ಗುಬ್ಬಿ, ಕುಣಿಗಲ್ ಕಡೆಯ ನಮ್ಮ ಮನೆಗಳಲ್ಲೂ ಬಸದಿಗಳ ಆಡಳಿತ ಮಂಡಳಿಗಳಲ್ಲೂ ಸ್ಮರಣ ಸಂಚಿಕೆ, ಅಭಿನಂದನ ಗ್ರಂಥಗಳನ್ನು ತರುವ ಅಭಿರುಚಿ ಇದೆ. ಅದು ಸ್ತುತ್ಯವಾದುದೇ. ಆದರೆ ಅವುಗಳಲ್ಲಿ ಹಿರಿಯರೆಲ್ಲರೂ ಒಂದೇ ಅಚ್ಚಿನ ‘ಧರ್ಮನಿಷ್ಠರು, ದಾನಶೂರರು, ಸರಳಜೀವಿಗಳು’ ಆಗಿಬಿಡುತ್ತಾರೆ. ನಷ್ಟದ ವರ್ಷ, ಪಾಲುದಾರನೊಡನೆ ಬಂದ ಮನಸ್ತಾಪ, ಅಡವಿಟ್ಟ ಒಡವೆ ಬಿಡಿಸಿಕೊಂಡ ಕಷ್ಟ, ಇವೊಂದೂ ಅಲ್ಲಿ ಇರುವುದಿಲ್ಲ. ಮಾಡದ ದಾನವನ್ನು ಬರೆದರೆ ಅದು ಕೂಟಲೇಖದ ಅಂಚಿಗೆ ಹೋಗುತ್ತದೆ. ಬಾಳಿದ ಬಾಳನ್ನು ಮೂರು ವಿಶೇಷಣಗಳಿಗೆ ಇಳಿಸಿದರೆ ನ್ಯಾಸಾಪಹಾರದ ಅಂಚಿಗೆ. ಮೊಮ್ಮಕ್ಕಳಿಗೆ ಆಗ ದೊರೆಯುವುದು ಒಂದು ಭಾವಚಿತ್ರ ಮಾತ್ರ, ಅಜ್ಜನಲ್ಲ.

ಇದಕ್ಕೆ ಮೇಲ್ಪಂಕ್ತಿ ನಮ್ಮಲ್ಲೇ ಇದೆ. ಮುದುವೊಳಲಿನ ಬಳೆಗಾರರ ಮನೆಯಲ್ಲಿ ಹುಟ್ಟಿದ ರನ್ನ, ಅತ್ತಿಮಬ್ಬೆಯ ಆಶ್ರಯದಲ್ಲಿ 993ರಲ್ಲಿ ಅಜಿತಪುರಾಣವನ್ನು ರಚಿಸಿದಾಗ ಕವಿಚಕ್ರವರ್ತಿಯೆಂದು ಹೆಸರಾಗಿದ್ದವನು. ತನ್ನ ಕುಲದ ಕಸುಬನ್ನು ಮುಚ್ಚಿಡಬಹುದಾಗಿತ್ತು. ಅವನು ತನ್ನ ತಂದೆ ಜಿನವಲ್ಲಭ, ತಾಯಿ ಅಬ್ಬಲಬ್ಬೆಯರ ಹೆಸರನ್ನೂ ಬಳೆಗಾರ ಕುಲವನ್ನೂ ಕಾವ್ಯದಲ್ಲೇ ದಾಖಲಿಸಿದ. ಸಾವಿರ ವರ್ಷ ಕಳೆದ ಮೇಲೂ ಆ ಖಾತೆ ಸರಿಯಾಗಿ ಓದಲು ಬರುತ್ತದೆ.

ಆದುದರಿಂದ ಇನ್ನು ಮುಂದೆ ಸಂಚಿಕೆ ತರುವ ಮಂಡಳಿಗಳು ಲೇಖನ ಬರೆಯುವವರ ಕೈಗೆ ದಾನಿಗಳ ಪಟ್ಟಿಯೊಡನೆ ‘ಅಳಿದ ಮೇಲೆ’ಯ ಒಂದು ಪ್ರತಿಯನ್ನೂ ಕೊಡಲಿ. ಹಿರಿಯರನ್ನು ಬಲ್ಲ ನಾಲ್ಕು ಜನರನ್ನು, ಅವರಲ್ಲಿ ಅಂಗಡಿಯ ಹಳೆಯ ಆಳನ್ನೂ ಸೇರಿಸಿ, ಕೇಳಿ ಬರೆಯಲಿ. ಬದುಕಿರುವವರ ಮಾನಕ್ಕೆ ಕುಂದು ಬರುವುದನ್ನು ಬಿಡಲಿ. ಹೊಗಳಿಕೆಗಾಗಿ ಏನನ್ನೂ ಸೇರಿಸದಿರಲಿ. ನಮ್ಮ ಬಳಿ ನ್ಯಾಸವಾಗಿ ಉಳಿದಿರುವ ಹಿರಿಯರ ಬಾಳನ್ನು ತೂಕ ಕೆಡದಂತೆ ಮುಂದಿನವರಿಗೆ ಒಪ್ಪಿಸುವುದೂ ಸತ್ಯಾಣುವ್ರತದ ಪಾಲನೆಯೇ.